ಸಾಕ್ಷ್ಯಚಿತ್ರಕ್ಕೆ ಮೊದಲೇ ಕಥೆ ಕೇಳಬೇಡಿ

ಕೇಂದ್ರ ವಾರ್ತಾ ಮತ್ತು ಪ್ರಸಾರ ಖಾತೆಯ ಮಾನ್ಯ ಸಚಿವರಿಗೆ,

1948ರಲ್ಲಿ ಹುಟ್ಟಿದ, ಸರಕಾರದ ಸಾಕ್ಷ್ಯಚಿತ್ರ ಘಟಕವಾದ ಫಿಲ್ಮ್ಸ್ ಡಿವಿಜನ್ 2022ರಲ್ಲಿ ರಾಷ್ಟ್ರೀಯ ಚಲನಚಿತ್ರ ಅಭಿವೃದ್ಧಿ ನಿಗಮದೊಳಗೆ (ಎನ್‌ಎಫ್‌ಡಿಸಿ) ಸೇರಿಹೋಯಿತು. ಅಂದಿನಿಂದ ಸಾಕ್ಷ್ಯಚಿತ್ರಗಳ ಹೊಣೆ ಬಹುಮಟ್ಟಿಗೆ ಆ ನಿಗಮದ ಹೆಗಲಿಗೆ ಬಿದ್ದಿದೆ. ಹೊಸ ನಿರ್ದೇಶಕರಿಗೆ, ಅದರಲ್ಲೂ ಕೈಯಲ್ಲಿ ಕಾಸಿಲ್ಲದ ಹೆಣ್ಣುಮಕ್ಕಳಿಗೆ ನೆರವು ಕೊಡುವಾಗ ಮುಂಗಡವಾಗಿ ಬರೆದುಕೊಟ್ಟ ಚಿತ್ರಕಥೆಯೊಂದನ್ನೇ ನಂಬಿ ತೀರ್ಮಾನಿಸಬಾರದು ಎಂಬುದು ನನ್ನ ಕೋರಿಕೆ. ಇದಕ್ಕೆ ಪಾಯಲ್ ಕಪಾಡಿಯಾ ಅವರ ಮೊದಲ ಪೂರ್ಣಪ್ರಮಾಣದ ಚಿತ್ರ ‘ಎ ನೈಟ್ ಆಫ್ ನೋಯಿಂಗ್ ನಥಿಂಗ್’ಗಿಂತ ಒಳ್ಳೆಯ ಸಾಕ್ಷಿ ನನಗೆ ಕಾಣುತ್ತಿಲ್ಲ.

ಪಾಯಲ್ ನಿಮ್ಮ ಖಾತೆಗೇ ಸೇರಿದ ಪುಣೆಯ ಭಾರತೀಯ ಚಲನಚಿತ್ರ ಮತ್ತು ಟೆಲಿವಿಷನ್ ಸಂಸ್ಥೆಯಲ್ಲಿ (ಎಫ್‌ಟಿಐಐ) ಕಲಿತವರು. 2015ರಲ್ಲಿ ಅಲ್ಲಿ 139 ದಿನ ನಡೆದ ವಿದ್ಯಾರ್ಥಿಗಳ ಮುಷ್ಕರದಲ್ಲಿ ಅವರೂ ಇದ್ದರು. ಆ ಬಳಿಕ ಅವರೂ ಛಾಯಾಗ್ರಾಹಕ ರಣಬೀರ್ ದಾಸ್ ಅವರೂ ಸುತ್ತಲಿನ ಗೆಳೆಯರ ಬದುಕನ್ನು ಗೊತ್ತಾದ ಕಥೆಯಿಲ್ಲದೆ ಚಿತ್ರಿಸುತ್ತ ಹೋದರು. ಬೇರೆಯವರು ತೆಗೆದ ದೃಶ್ಯಗಳನ್ನೂ ಕೂಡಿಸಿಕೊಂಡರು. ಇವಕ್ಕೆಲ್ಲ ದಾರವಾದದ್ದು ‘ಎಲ್’ ಎಂಬ ಕಲ್ಪಿತ ಹುಡುಗಿಯ ಪತ್ರಗಳು. ಜಾತಿಯ ಕಾರಣಕ್ಕೆ ಮನೆಯವರು ದೂರ ಮಾಡಿದ ಪ್ರಿಯಕರನಿಗೆ ಅವಳು ಬರೆಯುತ್ತಾಳೆ. ಚಿತ್ರದ ಆರಂಭದಲ್ಲಿ ಹುಡುಗ ಹುಡುಗಿಯರು ಪರದೆಯ ಮುಂದೆ ಕುಣಿಯುತ್ತಾರೆ, ನಮಗೆ ಹಾಡು ಕೇಳಿಸುವುದಿಲ್ಲ. ಮುಂದೆ ಗ್ರಂಥಾಲಯವೊಂದರ ಸಿಸಿಟಿವಿ ದೃಶ್ಯದಲ್ಲಿ ಓದುತ್ತ ಕುಳಿತವರ ಮೇಲೆ ಪೊಲೀಸರು ಲಾಠಿ ಬೀಸುತ್ತಾರೆ. ಪ್ರೇಮಪತ್ರದ ಮೆಲುದನಿಗೆ ಕಿವಿಗೊಟ್ಟು ಬಂದ ಪ್ರೇಕ್ಷಕನಿಗೆ ಆ ಏಟು ಸುದ್ದಿವಾಹಿನಿಯಲ್ಲಿ ಕಂಡದ್ದಕ್ಕಿಂತ ಹತ್ತಿರದಲ್ಲಿ ತಗಲುತ್ತದೆ. ಈ ಜೋಡಣೆ ಹುಟ್ಟಿದ್ದು ಸಂಕಲನದ ಮೇಜಿನಲ್ಲಿ. ಮೊದಲ ದಿನವೇ ಅರ್ಜಿಯಲ್ಲಿ ಬರೆದುಕೊಡು ಎಂದರೆ ಯಾರೂ ಬರೆಯಲಾರರು.

ಪತ್ರಗಳು ಕಲ್ಪಿತವಾದರೆ ಅದು ಸಾಕ್ಷ್ಯಚಿತ್ರ ಹೇಗಾದೀತು ಎಂದು ಕೆಲವರು ಕೇಳುತ್ತಾರೆ. ನ್ಯಾಯವಾದ ಪ್ರಶ್ನೆಯೇ. ಆದರೆ ಪಾಯಲ್ ಘಟನೆಗಳನ್ನು ಕಲ್ಪಿಸಲಿಲ್ಲ. ಮುಷ್ಕರ ನಡೆದದ್ದು, ಲಾಠಿ ಬಿದ್ದದ್ದು ನಿಜ. ಅವುಗಳ ನಡುವೆ ಬದುಕಿದ ಮನಸ್ಸೊಂದಕ್ಕೆ ಅವರು ಮಾತು ಕೊಟ್ಟರು, ಅಷ್ಟೆ. 2021ರಲ್ಲಿ ಕಾನ್ ಚಲನಚಿತ್ರೋತ್ಸವದಲ್ಲಿ ಅತ್ಯುತ್ತಮ ಸಾಕ್ಷ್ಯಚಿತ್ರಕ್ಕೆ ಮೀಸಲಾದ ‘ಗೋಲ್ಡನ್ ಐ’ ಪ್ರಶಸ್ತಿ ಈ ಚಿತ್ರಕ್ಕೇ ಸಂದಿತು.

ಸಾರ್ವಜನಿಕರ ಹಣಕ್ಕೆ ಲೆಕ್ಕ ಬೇಡವೇ ಎಂಬ ಆಕ್ಷೇಪ ಇದಕ್ಕಿಂತ ಗಟ್ಟಿಯಾದದ್ದು. ಲೆಕ್ಕ ಬೇಕೇ ಬೇಕು. ಕಂತುಗಳಲ್ಲಿ ಹಣ ಕೊಡಿ, ಚಿತ್ರಿಸಿದ್ದನ್ನು ನೋಡಿ ಮುಂದಿನ ಕಂತು ಬಿಡುಗಡೆ ಮಾಡಿ. ಕಾಗದದ ಮೇಲಿನ ಭರವಸೆಗಿಂತ ಕಣ್ಣೆದುರಿನ ದೃಶ್ಯ ಹೆಚ್ಚು ನಂಬಿಕೆಗೆ ಅರ್ಹ. ಪ್ರತಿಭೆ ಹೇಗೋ ದಾರಿ ಕಂಡುಕೊಳ್ಳುತ್ತದೆ ಎನ್ನುವವರೂ ಇದ್ದಾರೆ. ಪಾಯಲ್‌ಗೆ ದಾರಿ ಸಿಕ್ಕಿದ್ದು ಫ್ರಾನ್ಸ್‌ನ ನಿರ್ಮಾಪಕರು ಕೈಜೋಡಿಸಿದ್ದರಿಂದ. ಕಲಬುರಗಿಯಲ್ಲೋ ಚಾಮರಾಜನಗರದಲ್ಲೋ ಕ್ಯಾಮೆರಾ ಹಿಡಿದ ಹುಡುಗಿಗೆ ಪ್ಯಾರಿಸ್‌ನ ಬಾಗಿಲು ತಟ್ಟು ಎನ್ನಲಾದೀತೇ?

ಆದ್ದರಿಂದ ಎನ್‌ಎಫ್‌ಡಿಸಿಯಲ್ಲಿ ಚಿತ್ರೀಕರಣಕ್ಕೊಂದು, ಸಂಕಲನಕ್ಕೊಂದು ಪ್ರತ್ಯೇಕ ನೆರವಿನ ಕಂತು ಇಡಿಸಿ. ಆಯ್ಕೆ ಸಮಿತಿಯಲ್ಲಿ ಸಾಕ್ಷ್ಯಚಿತ್ರ ಮಾಡಿ ಪಳಗಿದವರನ್ನೂ ಸಂಕಲನಕಾರರನ್ನೂ ಕೂರಿಸಿ. ಕನ್ನಡವೂ ಸೇರಿ ಎಲ್ಲ ಭಾಷೆಗಳಲ್ಲಿ ಅರ್ಜಿ ಸ್ವೀಕರಿಸುವಂತೆ ಆದೇಶಿಸಬೇಕೆಂದು ವಿನಂತಿ.

ಇಂತಿ,
ಸಾಕ್ಷ್ಯಚಿತ್ರಗಳ ಒಬ್ಬ ಪ್ರೇಕ್ಷಕ