ವೃತ್ತಿಪಥ: ಹಳೆಯ ಪಂದ್ಯಗಳ ಗುರುತು ಹಿಡಿಯುವವರು

ಹತ್ತನೆಯ ತರಗತಿಯ ಬಳಿಕ ಮುಂದೇನು ಎಂಬ ಪ್ರಶ್ನೆ ಎದ್ದಾಗ ನಮ್ಮ ಮನೆಗಳಲ್ಲಿ ನಾಲ್ಕೈದು ಉದ್ಯೋಗಗಳ ಹೆಸರಷ್ಟೇ ಕೇಳಿಬರುತ್ತವೆ. ಆ ಪಟ್ಟಿಯಲ್ಲಿಲ್ಲದ ಒಂದು ಕಸುಬನ್ನು ಈ ವಾರ ಪರಿಚಯಿಸಬೇಕಾಗಿದೆ. ಅದು ಹಳೆಯ ಫುಟ್‌ಬಾಲ್ ಪಂದ್ಯಗಳ ಚಿತ್ರಸುರುಳಿಗಳನ್ನು ಕಾಪಾಡಿ, ಗುರುತಿಸಿ, ಮುಂದಿನ ಪೀಳಿಗೆಗೆ ಒಪ್ಪಿಸುವ ಕೆಲಸ.

1994ರಲ್ಲಿ ಇಂಗ್ಲೆಂಡಿನ ಬ್ಲ್ಯಾಕ್‌ಬರ್ನ್ ಪಟ್ಟಣದ ಹಳೆಯ ಅಂಗಡಿಯೊಂದರ ನೆಲಮಾಳಿಗೆಯಲ್ಲಿ ಮೂರು ಲೋಹದ ಪೀಪಾಯಿಗಳು ದೊರೆತವು. ಅವುಗಳಲ್ಲಿದ್ದುದು 800ಕ್ಕೂ ಹೆಚ್ಚು ಚಿತ್ರಸುರುಳಿಗಳು. ಕಳೆದ ಶತಮಾನದ ಆರಂಭದಲ್ಲಿ ಮಿಚೆಲ್ ಮತ್ತು ಕೆನ್ಯನ್ ಎಂಬ ಪಾಲುದಾರರು ತೆಗೆಸಿದ ಚಿತ್ರಗಳವು. 1902ರ ಬರ್ನ್‌ಲಿ ಮತ್ತು ಮ್ಯಾಂಚೆಸ್ಟರ್ ಯುನೈಟೆಡ್ ತಂಡಗಳ ಪಂದ್ಯವೂ ಅವುಗಳಲ್ಲಿತ್ತು. ಆಟದ ಜೊತೆಗೆ ಪ್ರೇಕ್ಷಕರ ಮುಖಗಳನ್ನೂ ಅವರು ಧಾರಾಳವಾಗಿ ಚಿತ್ರೀಕರಿಸುತ್ತಿದ್ದರು. ಪರದೆಯ ಮೇಲೆ ತಮ್ಮನ್ನೇ ಕಾಣಲು ಜನರು ಹಣ ಕೊಟ್ಟು ಬರುವರೆಂಬ ಲೆಕ್ಕಾಚಾರ ಅವರದು. ಬ್ರಿಟಿಷ್ ಫಿಲ್ಮ್ ಇನ್‌ಸ್ಟಿಟ್ಯೂಟ್ ಈ ಸಂಗ್ರಹಕ್ಕೆ ಮರುಜೀವ ನೀಡಿತು.

ಇಂತಹ ಕೆಲಸದಲ್ಲಿ ರಸಾಯನಶಾಸ್ತ್ರವೂ ಇದೆ, ಇತಿಹಾಸವೂ ಇದೆ. ಅಂದಿನ ನೈಟ್ರೇಟ್ ಫಿಲ್ಮ್ ಸುಲಭವಾಗಿ ಹೊತ್ತಿಕೊಳ್ಳುತ್ತದೆ. ಹೊತ್ತಿದರೆ ನೀರಿನಲ್ಲಿ ಮುಳುಗಿಸಿದರೂ ಆರದು. ಅನಂತರ ಬಂದ ಅಸಿಟೇಟ್ ಫಿಲ್ಮ್ ಕೆಡತೊಡಗಿದರೆ ಹುಳಿ ವಾಸನೆ ಹೊಮ್ಮಿಸುತ್ತದೆ. ಎರಡಕ್ಕೂ ತಂಪಾದ, ತೇವವಿಲ್ಲದ ಕೋಣೆ ಬೇಕು. ಸುರುಳಿಯನ್ನು ಶುಚಿಗೊಳಿಸಿ, ಹರಿದೆಡೆ ಜೋಡಿಸಿ, ಒಂದೊಂದೇ ಚೌಕಟ್ಟನ್ನು ಗಣಕಕ್ಕೆ ಇಳಿಸುವುದು ಮೊದಲ ಹಂತ.

ಗುರುತಿಸುವುದು ಎರಡನೆಯ ಹಂತ. ಹೆಸರು, ದಿನಾಂಕಗಳಿಲ್ಲದ ಪಂದ್ಯ ಇತಿಹಾಸಕಾರನಿಗೂ ಕ್ರೀಡಾಭಿಮಾನಿಗೂ ಹೆಚ್ಚು ಉಪಯೋಗಕ್ಕೆ ಬಾರದು. ಅಂಗಿಯ ಪಟ್ಟೆ, ಮೈದಾನದ ಜಾಹೀರಾತು ಫಲಕ, ಆ ದಿನದ ಮಳೆ ಬಿಸಿಲು ಇವನ್ನೆಲ್ಲ ಗಮನಿಸಿ, ಅಂದಿನ ಸ್ಥಳೀಯ ಪತ್ರಿಕೆಯ ವರದಿಯೊಡನೆ ಹೋಲಿಸಿ ನೋಡಬೇಕು. ನೋಡುವ ಕಣ್ಣಿನಷ್ಟೇ ಓದುವ ತಾಳ್ಮೆಯೂ ಇಲ್ಲಿ ಅಗತ್ಯ.

ನಮ್ಮ ದೇಶದಲ್ಲಿ ಇಂತಹ ಹುದ್ದೆಗಳು ವಿರಳವೆಂಬುದನ್ನು ಪಾಲಕರು ಅರಿತಿರಬೇಕು. ಆದರೂ 1964ರಲ್ಲಿ ಸ್ಥಾಪನೆಯಾದ ರಾಷ್ಟ್ರೀಯ ಚಲನಚಿತ್ರ ಸಂಗ್ರಹಾಲಯವಿರುವುದು ಪುಣೆಯಲ್ಲಿ. ಸೊಲ್ಲಾಪುರ, ಜತ್ತದ ಮಕ್ಕಳಿಗೆ ಅದು ದೂರದ ಊರಲ್ಲ. ಮುಂಬಯಿಯ ಫಿಲ್ಮ್ ಹೆರಿಟೇಜ್ ಫೌಂಡೇಶನ್ 2015ರಿಂದ ಚಿತ್ರ ಸಂರಕ್ಷಣೆಯ ತರಬೇತಿ ಶಿಬಿರಗಳನ್ನು ನಡೆಸುತ್ತ ಬಂದಿದೆ. ಇತಿಹಾಸ, ರಸಾಯನಶಾಸ್ತ್ರ ಅಥವಾ ಗ್ರಂಥಾಲಯ ವಿಜ್ಞಾನದ ಪದವಿ ಈ ದಾರಿಗೆ ನೆರವಾಗುತ್ತದೆ. ತಾಂತ್ರಿಕ ಗ್ರಂಥಗಳಿಗಾಗಿ ಇಂಗ್ಲಿಷ್ ಬೇಕೇ ಬೇಕು. ಆದರೆ ಹಳೆಯ ಕನ್ನಡ ಪತ್ರಿಕೆಯನ್ನೂ ಮರಾಠಿ ಪತ್ರಿಕೆಯನ್ನೂ ಸಮನಾಗಿ ಓದಬಲ್ಲವರು ಎಷ್ಟು ಜನರಿದ್ದಾರೆ? ಗಡಿನಾಡಿನ ಕನ್ನಡ ಶಾಲೆಯ ಮಗುವಿಗೆ ಅದು ದಿನನಿತ್ಯದ ಅಭ್ಯಾಸ. ಕನ್ನಡದಲ್ಲಿ ಓದಿದ್ದು ಹೊರೆಯಾಯಿತೆಂದು ಕೊರಗುವವರು ಇದನ್ನೂ ಲೆಕ್ಕಕ್ಕೆ ತೆಗೆದುಕೊಳ್ಳಲಿ.

ಅಭ್ಯಾಸವನ್ನು ಇಂದೇ ಆರಂಭಿಸಬಹುದು. ಶಾಲೆಯ ಪಂದ್ಯವನ್ನು ಮೊಬೈಲಿನಲ್ಲಿ ಚಿತ್ರೀಕರಿಸಿದ ದಿನವೇ ತಂಡ, ಊರು, ದಿನಾಂಕ, ಆಟಗಾರರ ಹೆಸರುಗಳನ್ನು ಮಕ್ಕಳು ಒಂದು ವಹಿಯಲ್ಲಿ ಬರೆದಿಡಲಿ.