ಅಮೆರಿಕದ ತಮ್ಮ ಊರಿಗೆ ಬರ್ತಾನಂತ, ಉತಾರದಾಗ ಹೆಸರು ಹತ್ತತೈತೇನು?

ಬೀಳಗಿ ತಾಲ್ಲೂಕಿನ ಹಿನ್ನೀರಿನ ದಂಡೆಯ ಊರೊಂದಕ್ಕೆ ಮುಳುಗಡೆ ಸುದ್ದಿಗೆಂದು ಹೋಗಿದ್ದೆವು. ಕೆಲಸ ಮುಗಿಸಿ ಗಾಡಿ ಹತ್ತುವಾಗ ಹಿರಿಯರೊಬ್ಬರು ಕರೆದು ಕಟ್ಟೆಯ ಮೇಲೆ ಕೂಡಿಸಿಕೊಂಡರು. ಚಹಾ ಬಂತು. ಆಮೇಲೆ ಮಾತು ಬಂತು.

"ತಮ್ಮಾರ, ನೀವು ಪೇಪರಿನವ್ರು, ನಿಮಗ ಗೊತ್ತಿರ್ತೈತಿ. ನಮ್ಮ ಸಣ್ಣ ತಮ್ಮ ಅಮೆರಿಕಾಕ್ಕ ಹೋಗಿ ಇಪ್ಪತ್ತ ವರ್ಷ ಆತು. ಅಲ್ಲೀದs ಪಾಸ್‌ಪೋರ್ಟ್ ತಗೊಂಡಾನ. ಈಗ ಅವ್ವನ ಕೂಡ ಇರಾಕ ಬರ್ತೀನಿ ಅಂತಾನ. ಅವಂಗ ಇಲ್ಲಿ ಇರಾಕ ಬಿಡ್ತಾರೋ ಇಲ್ಲೋ? ಹೊಲದಾಗ ಅವನ ಹೆಸರು ಹತ್ತತೈತೋ ಇಲ್ಲೋ?"

ಇಂಥ ಪ್ರಶ್ನೆ ನಮಗೆ ಇದೇ ಮೊದಲಲ್ಲ. ಜಮಖಂಡಿಯಲ್ಲಿ, ಮುಧೋಳದಲ್ಲಿ, ರಬಕವಿ-ಬನಹಟ್ಟಿಯ ನೇಕಾರ ಓಣಿಗಳಲ್ಲಿ ಕೂಡ ಕೇಳಿದ್ದೇವೆ. ಎಂಜಿನಿಯರಿಂಗ್ ಓದಿ ಬೆಂಗಳೂರು, ಅಲ್ಲಿಂದ ಅಮೆರಿಕ ಸೇರಿದ ಹುಡುಗರಿಗೆ ಈಗ ತಲೆ ನರೆತಿದೆ. ಇತ್ತ ಅವ್ವ, ಅಪ್ಪ ಹಾಸಿಗೆ ಹಿಡಿದಿದ್ದಾರೆ.

ನಮ್ಮ ಕಡೆ ದೊಡ್ಡ ತಪ್ಪು ತಿಳಿವಳಿಕೆ ಒಂದಿದೆ. ಮಗ ಅಲ್ಲಿಯ ಪೌರತ್ವ ತಗೊಂಡರೂ ನಮ್ಮ ದೇಶದ ಪೌರತ್ವ ಹೋಗೋದಿಲ್ಲ, ಎರಡೂ ಇರ್ತಾವ ಅಂತ ಜನ ನಂಬಿದ್ದಾರೆ. ಹಾಗಿಲ್ಲ. 1955ರ ಪೌರತ್ವ ಕಾಯ್ದೆಯ 9ನೇ ಕಲಂ ಪ್ರಕಾರ, ತಾನಾಗಿ ಬೇರೆ ದೇಶದ ಪೌರತ್ವ ಪಡೆದವನ ಭಾರತದ ಪೌರತ್ವ ಹೋದಂತೆಯೇ. ಯಾರೂ ನೋಟಿಸ್ ಕೊಡಬೇಕಿಲ್ಲ. ಹಳೆಯ ಭಾರತದ ಪಾಸ್‌ಪೋರ್ಟನ್ನು ಒಪ್ಪಿಸಿ ಸರೆಂಡರ್ ಪ್ರಮಾಣಪತ್ರ ಪಡೆಯಬೇಕು. ಅದನ್ನು ಟ್ರಂಕಿನಲ್ಲಿಟ್ಟುಕೊಂಡು ಮತ್ತೆ ಬಳಸಿದರೆ ಅಪರಾಧ. ಊರಿನ ಮತದಾರರ ಪಟ್ಟಿಯಲ್ಲಿ ಅವನ ಹೆಸರು ಇನ್ನೂ ಇದ್ದರೆ ಅದೂ ತಪ್ಪೇ. ಪಂಚಾಯ್ತಿ ಚುನಾವಣೆ ದಿನ "ನಮ್ಮ ಹುಡುಗ ಬಂದಾನ, ಓಟು ಹಾಕ್ಲಿ" ಅಂತ ಮತಗಟ್ಟೆಗೆ ಕರಕೊಂಡು ಹೋಗುವವರಿದ್ದಾರೆ. ಹುಡುಗನನ್ನು ಅಡ್ಡಹಾದಿಗೆ ಹಚ್ಚುವ ಕೆಲಸ ಅದು.

ಹಾಗಾದರೆ ಅವನು ಬರುವ ದಾರಿ ಯಾವುದು? ಅದರ ಹೆಸರು ಓಸಿಐ ಕಾರ್ಡು, ಅಂದರೆ ಸಾಗರೋತ್ತರ ಭಾರತೀಯ ನಾಗರಿಕ ಕಾರ್ಡು. ಹೆಸರಿನಲ್ಲಿ ನಾಗರಿಕ ಅಂತ ಇದ್ದರೂ ಅದು ಪೌರತ್ವವಲ್ಲ. ಇಷ್ಟೊಂದು ಗೊಂದಲ ಹುಟ್ಟಿರುವುದು ಈ ಹೆಸರಿನಿಂದಲೇ ಅಂತ ನಮಗೆ ಅನ್ನಿಸುತ್ತದೆ. ಸಂವಿಧಾನ ಜಾರಿಯಾದ 1950ರ ಜನವರಿ 26ರಂದು ಅಥವಾ ಆಮೇಲೆ ಭಾರತದ ಪ್ರಜೆಯಾಗಿದ್ದವರಿಗೆ, ಅಂಥವರ ಮಕ್ಕಳಿಗೆ, ಮೊಮ್ಮಕ್ಕಳಿಗೆ, ಮರಿಮಕ್ಕಳಿಗೆ ಈ ಕಾರ್ಡು ಸಿಗುತ್ತದೆ. ಪಾಕಿಸ್ತಾನ, ಬಾಂಗ್ಲಾದೇಶದ ಪ್ರಜೆಗಳಾಗಿದ್ದವರಿಗೆ, ಅವರ ಸಂತತಿಗೆ ಇಲ್ಲ. ಹುಟ್ಟಾ ಅಮೆರಿಕದವಳಾದ ಸೊಸೆಗೂ ಸಿಗುತ್ತದೆ. ಆದರೆ ಮದುವೆ ನೋಂದಣಿಯಾಗಿ ಕನಿಷ್ಠ ಎರಡು ವರ್ಷ ಸಂಸಾರ ನಡೆದಿರಬೇಕು. ವಿಚ್ಛೇದನವಾದರೆ ಆಕೆಯ ಕಾರ್ಡು ರದ್ದಾಗಬಹುದು.

ಅಮೆರಿಕದಲ್ಲಿದ್ದೇ ಆನ್‌ಲೈನ್‌ನಲ್ಲಿ ಅರ್ಜಿ ಹಾಕಬಹುದು. ಶುಲ್ಕ 275 ಡಾಲರ್. ಕಾರ್ಡು ಕೈಗೆ ಬಂದರೆ ಬದುಕಿರುವ ತನಕ ವೀಸಾ ಬೇಕಿಲ್ಲ, ಎಷ್ಟು ಸಲ ಬೇಕಾದರೂ ಬರಬಹುದು, ಎಷ್ಟು ವರ್ಷ ಬೇಕಾದರೂ ಅವ್ವನ ಹತ್ತಿರ ಇರಬಹುದು. ಪೊಲೀಸರ ಹತ್ತಿರ ಹೋಗಿ ಹೆಸರು ಬರೆಸುವ ಕಿರಿಕಿರಿಯೂ ಇಲ್ಲ. ವೀಸಾ ಮೇಲೆ ಬಂದ ಬೇರೆ ವಿದೇಶಿಯರಿಗೆ ಹಾಗಲ್ಲ. 180 ದಿನಕ್ಕಿಂತ ಹೆಚ್ಚಿನ ವೀಸಾ ಇದ್ದವರು ಸಾಮಾನ್ಯವಾಗಿ ಬಂದ 14 ದಿನದೊಳಗೆ ವಿದೇಶಿಯರ ನೋಂದಣಿ ಅಧಿಕಾರಿಯಲ್ಲಿ ನೋಂದಣಿ ಮಾಡಿಸಬೇಕು.

ನಮ್ಮ ನೆಲದ ಸಂಬಂಧವೇ ಇಲ್ಲದ ಅಮೆರಿಕದವರಿಗೆ ಇಲ್ಲಿ ನೆಲೆ ನಿಲ್ಲುವುದು ಇಷ್ಟು ಸಲೀಸಲ್ಲ. 2016ರಲ್ಲಿ ಕೇಂದ್ರ ಸರ್ಕಾರ ದೊಡ್ಡ ಬಂಡವಾಳಗಾರರಿಗೆ ಖಾಯಂ ವಾಸದ ಅವಕಾಶ ಮಾಡಿತು. ಅದಕ್ಕೆ 18 ತಿಂಗಳಲ್ಲಿ 10 ಕೋಟಿ ರೂಪಾಯಿ ಅಥವಾ 36 ತಿಂಗಳಲ್ಲಿ 25 ಕೋಟಿ ರೂಪಾಯಿ ಹೂಡಬೇಕು. ಅದು ನಮ್ಮ ಓದುಗರ ಮನೆಮಾತಲ್ಲ, ಬಿಡಿ.

ಆದರೆ ರೊಕ್ಕವಿಲ್ಲದೆ, ಬರೀ ಪ್ರೀತಿಯಿಂದ ಇಲ್ಲಿಯವರಾದವರೂ ಇದ್ದಾರೆ. ನಮ್ಮ ಕೃಷ್ಣೆ ಜಮಖಂಡಿಗೆ ಬರುವ ಮೊದಲು ಸಾಂಗ್ಲಿ ಜಿಲ್ಲೆ ದಾಟಿ ಬರುತ್ತಾಳಲ್ಲ, ಆ ಜಿಲ್ಲೆಯ ಕಾಸೇಗಾಂವದಲ್ಲಿ ಗೇಲ್ ಓಮ್ವೆಟ್ ಎಂಬ ಅಮೆರಿಕದ ಹೆಣ್ಣುಮಗಳು ಬಾಳಿದರು. ಹುಟ್ಟಿದ್ದು ಮಿನಿಯಾಪೊಲಿಸ್‌ನಲ್ಲಿ. ಮಹಾರಾಷ್ಟ್ರದ ಬ್ರಾಹ್ಮಣೇತರ ಚಳವಳಿಯ ಅಧ್ಯಯನಕ್ಕೆ ಬಂದವರು ಭರತ್ ಪಾಟಣ್ಕರ್ ಅವರನ್ನು ಮದುವೆಯಾಗಿ, 1983ರಲ್ಲಿ ಭಾರತದ ಪೌರತ್ವ ಪಡೆದರು. ನೀರಿಗಾಗಿ, ಹೆಣ್ಣುಮಕ್ಕಳ ಹಕ್ಕಿಗಾಗಿ ಹೋರಾಡಿ 2021ರಲ್ಲಿ ಅದೇ ಊರಲ್ಲಿ ಕಣ್ಣುಮುಚ್ಚಿದರು. ಅಮೆರಿಕಕ್ಕೆ ಹೋದವರ ಕತೆಯನ್ನೇ ಹೇಳುವ ನಮಗೆ ಅಲ್ಲಿಂದ ಬಂದು ಇಲ್ಲಿಯವರಾದವರ ಕತೆಯೂ ಗೊತ್ತಿರಲಿ.

ಇನ್ನು ಹೊಲದ ಮಾತು. ಕಟ್ಟೆಯ ಮೇಲಿನ ಹಿರಿಯರಿಗೆ ನಿಜವಾದ ಚಿಂತೆ ಇದೇ ಆಗಿತ್ತು.

2020ರಲ್ಲಿ ರಾಜ್ಯದ ಭೂಸುಧಾರಣೆ ಕಾಯ್ದೆಗೆ ತಿದ್ದುಪಡಿ ಬಂದ ಮೇಲೆ ಒಕ್ಕಲುತನ ಮಾಡದವರೂ ಹೊಲ ಕೊಳ್ಳಬಹುದು ಅಂತಾಯಿತು. "ಯಾರು ಬೇಕಾದವ್ರು ತಗೋಬಹುದು ಅಂದ ಮ್ಯಾಲ ನಮ್ಮ ತಮ್ಮ ಯಾಕ ತಗೋಬಾರದು?" ಅಂತ ಕೇಳುತ್ತಾರೆ. ಇಲ್ಲಿ ಅಡ್ಡ ಬರುವುದು ಕೇಂದ್ರದ ವಿದೇಶಿ ವಿನಿಮಯದ ಕಾನೂನು. ಅದರ ಪ್ರಕಾರ ಓಸಿಐ ಕಾರ್ಡಿನವರು ಮನೆ, ಪ್ಲಾಟು, ಅಂಗಡಿ ಕೊಳ್ಳಬಹುದು. ಕೃಷಿ ಜಮೀನು, ತೋಟ, ಫಾರ್ಮ್‌ಹೌಸ್ ಕೊಳ್ಳುವಂತಿಲ್ಲ. ಅಷ್ಟೇ ಅಲ್ಲ, ದಾನವಾಗಿಯೂ ಪಡೆಯುವಂತಿಲ್ಲ. ಜನ ಎಡವುವುದು ಇಲ್ಲೇ. ಆ ಮನೆಯಲ್ಲಿ ಆರು ಎಕರೆ ಅವ್ವನ ಹೆಸರಿನಲ್ಲಿದೆ. ಅವ್ವ ಬದುಕಿರುವಾಗಲೇ ಸಣ್ಣ ಮಗನ ಹೆಸರಿಗೆ ದಾನಪತ್ರ ಮಾಡಿಸಬೇಕೆಂದು ತಯಾರಾಗಿದ್ದರು. ಹಳೆಯ ರೇಷನ್ ಕಾರ್ಡು, ಹಳೆಯ ವೋಟರ್ ಕಾರ್ಡು ಇಟ್ಟು ಕೆಲಸ ಮುಗಿಸಿಕೊಡುತ್ತೇನೆ ಅಂತ ಏಜೆಂಟನೊಬ್ಬ ಮುಂಗಡ ಕೇಳಿದ್ದ. ಮಾಡಿಸಿದ್ದರೆ ಆ ಪತ್ರ ಕಾನೂನಿಗೆ ವಿರುದ್ಧವಾಗುತ್ತಿತ್ತು, ಜೊತೆಗೆ ಸುಳ್ಳು ದಾಖಲೆಯ ಕೇಸು.

ವಾರಸಾ ಹಕ್ಕಿನಿಂದ ಬಂದರೆ ಮಾತು ಬೇರೆ. ಅವ್ವ ಮೃತ್ಯುಪತ್ರ ಬರೆದಿಟ್ಟರೆ, ಅಥವಾ ಬರೆಯದಿದ್ದರೂ, ಆಕೆಯ ಕಾಲಾನಂತರ ವಾರಸುದಾರನಾಗಿ ಅವನಿಗೆ ಬರುವ ಹೊಲವನ್ನು ಕಾನೂನು ತಡೆಯುವುದಿಲ್ಲ. ಮುಂದೆ ಮಾರುವುದಾದರೆ ಇಲ್ಲಿ ವಾಸವಿರುವ ಭಾರತೀಯ ಪ್ರಜೆಗೇ ಮಾರಬೇಕು. ಅಣ್ಣನಿಗೆ ಮಾರಲಿಕ್ಕೆ ಅಡ್ಡಿಯಿಲ್ಲ ಅಂದಂಗಾಯಿತು.

"ನಮ್ಮ ಹೊಟ್ಟೀಲೆ ಹುಟ್ಟಿದ ಮಗ ಹೊರಗಿನಾವ ಆದನೇನು?" ಅಂತ ಒಳಗಿನಿಂದ ಅವ್ವ ಕೇಳಿದರು. ಅವರಿಗೆ ಉತ್ತರ ಹೇಳುವುದು ಕಷ್ಟವಾಯಿತು. ಆದರೂ ಹೊಲ ಕೊಳ್ಳಬಾರದೆಂಬ ನಿಯಮ ಸರಿ ಅಂತಲೇ ನಾವು ಹೇಳುತ್ತೇವೆ. ಕಬ್ಬಿನ ಬಿಲ್ಲಿಗೆ ತಿಂಗಳುಗಟ್ಟಲೆ ಕಾಯುವ ರೈತ, ಡಾಲರ್ ಎಣಿಸುವವನ ಎದುರು ಪಕ್ಕದ ಎರಡು ಎಕರೆಗೆ ಹೇಗೆ ದರ ಕಟ್ಟಿಯಾನು? ಅವ್ವನ ಮಗನಿಗೆ ಬಾಗಿಲು ತೆಗೆದರೆ ಅದೇ ಬಾಗಿಲಲ್ಲಿ ಇನ್ನೂ ಯಾರ್ಯಾರೋ ಬರುತ್ತಾರೆ.

ನಮ್ಮ ತಕರಾರು ಇರುವುದು ಬೇರೆ ಕಡೆ. ಆಲಮಟ್ಟಿ ಜಲಾಶಯದ ಮಟ್ಟ 519.6 ಮೀಟರಿನಿಂದ 524.256 ಮೀಟರಿಗೆ ಏರಲಿದೆ. ಮುಳುಗುವ ನೀರಾವರಿ ಜಮೀನಿಗೆ ಎಕರೆಗೆ 40 ಲಕ್ಷ, ಒಣಬೇಸಾಯದ ಜಮೀನಿಗೆ 30 ಲಕ್ಷ ಪರಿಹಾರವೆಂದು 2025ರ ಸೆಪ್ಟೆಂಬರ್‌ನಲ್ಲಿ ರಾಜ್ಯ ಸಚಿವ ಸಂಪುಟ ತೀರ್ಮಾನಿಸಿದೆ. ಉತಾರದಲ್ಲಿ ಯಾರ ಹೆಸರಿದೆ, ಯಾರದಿಲ್ಲ ಎಂಬುದಕ್ಕೆ ಈಗ ಹಿಂದೆಂದೂ ಇಲ್ಲದ ಬೆಲೆ. ಅಪ್ಪ ತೀರಿಕೊಂಡು ಹತ್ತು ವರ್ಷವಾದರೂ ವಾರಸಾ ಆಗದ ಉತಾರಗಳು ಊರೂರಲ್ಲಿವೆ. ತಲಾಟಿ ಆಧಾರ್ ಕೇಳುತ್ತಾರೆ. ಅಮೆರಿಕದಲ್ಲಿರುವ ವಾರಸುದಾರನ ಹತ್ತಿರ ಆಧಾರ್ ಇರುವುದಿಲ್ಲ. ಓಸಿಐ ಕಾರ್ಡಿನವರು 12 ತಿಂಗಳಲ್ಲಿ 182 ದಿನ ಇಲ್ಲಿದ್ದರೆ ಮಾತ್ರ ಆಧಾರ್ ಪಡೆಯಬಹುದು. ಅಲ್ಲಿಂದಲೇ ಅಧಿಕಾರಪತ್ರ ಕಳಿಸಿದರೆ, ಅದು ಇಲ್ಲಿಗೆ ಮುಟ್ಟಿದ ಮೂರು ತಿಂಗಳೊಳಗೆ ಮುದ್ರಾಂಕ ಶುಲ್ಕ ಕಟ್ಟಬೇಕು. ಇದನ್ನು ಹೇಳುವವರು ಯಾರು? ನಾವು ಒಂದು ಕಚೇರಿಯಲ್ಲಿ ಕೇಳಿದರೆ "ಬೆಂಗಳೂರಿಗೆ ಹೋಗ್ರಿ" ಅಂದರು. ಬೆಂಗಳೂರಿಗೆ ಏಕೆ, ಯಾವ ಕಚೇರಿಗೆ ಅಂತ ಅವರಿಗೂ ಗೊತ್ತಿರಲಿಲ್ಲ. ಈ ತೂತಿನಲ್ಲೇ ಏಜೆಂಟರು ಮನೆ ಕಟ್ಟುತ್ತಿದ್ದಾರೆ.

ಮುಳುಗಡೆ ತಾಲ್ಲೂಕುಗಳ ತಹಶೀಲ್ದಾರ ಕಚೇರಿಗಳಲ್ಲಿ ವಾರಕ್ಕೆ ಒಂದು ದಿನವಾದರೂ, ಹೊರದೇಶದಲ್ಲಿರುವ ವಾರಸುದಾರರ ಕಾಗದ ನೋಡಲು ಒಬ್ಬ ಸಿಬ್ಬಂದಿಯನ್ನು ಕೂಡಿಸಬೇಕು. ಹೊಸ ಕಾನೂನೇನೂ ಬೇಡ. ಒಂದು ಟೇಬಲ್ಲು, ನಿಯಮ ತಿಳಿದ ಒಬ್ಬ ಮನುಷ್ಯ ಸಾಕು. ಪರಿಹಾರದ ಚೆಕ್ಕು ಬಂದ ಮೇಲೆ ಅಣ್ಣತಮ್ಮಂದಿರು ಕೋರ್ಟಿಗೆ ಹೋಗುವುದನ್ನು 2000ದ ಸುಮಾರಿನ ಮುಳುಗಡೆಯಲ್ಲಿ ಬಾಗಲಕೋಟೆ, ಬೀಳಗಿ ಕಡೆಯವರು ಕಂಡುಂಡಿದ್ದಾರೆ.

ಹಾಂ, ಇನ್ನೊಂದು. ಓಸಿಐ ಕಾರ್ಡಿನವರು ಇಲ್ಲಿ ಪತ್ರಿಕೆಯ ಕೆಲಸ ಮಾಡಬೇಕಾದರೆ 2021ರ ಅಧಿಸೂಚನೆಯ ಪ್ರಕಾರ ವಿಶೇಷ ಅನುಮತಿ ಬೇಕು. ಅದನ್ನು ಕೇಳಿ ಹಿರಿಯರು ನಕ್ಕರು: "ಹಂಗಾದ್ರ ನಿಮ್ಮ ನೌಕರಿಗೆ ನಮ್ಮ ತಮ್ಮನ ಭಯ ಇಲ್ಲ ಬಿಡ್ರಿ."

ಮೊನ್ನೆ ಅವರ ಫೋನ್ ಬಂದಿತ್ತು. ತಮ್ಮ ಹಳೆಯ ಪಾಸ್‌ಪೋರ್ಟ್ ಒಪ್ಪಿಸಿ ಓಸಿಐಗೆ ಅರ್ಜಿ ಹಾಕಿದ್ದಾನಂತೆ. ಏಜೆಂಟನಿಗೆ ಕೊಡಬೇಕೆಂದಿದ್ದ ರೊಕ್ಕದಲ್ಲಿ ಜಮಖಂಡಿಯ ವಕೀಲರೊಬ್ಬರ ಹತ್ತಿರ ಮೃತ್ಯುಪತ್ರ ಬರೆಸುತ್ತಿದ್ದಾರೆ. ಅವ್ವ ಮಾತ್ರ ಒಂದು ಹಟ ಹಿಡಿದಿದ್ದಾರಂತೆ, ಮಗ ಬಂದು ಎದುರು ಕುಂತ ಮೇಲೆಯೇ ಹೆಬ್ಬೆಟ್ಟು ಒತ್ತುತ್ತಾರಂತೆ.