ಮಾತಿಲ್ಲದ ಮನೆ ಮಹಾಮನೆಯಾದೀತೇ?



ಮದುವೆಯ ಪತ್ರಿಕೆಯ ನೆತ್ತಿಯ ಮೇಲೆ ದಂಪತಿಗಳನ್ನು ಕುರಿತ ಜೇಡರ ದಾಸಿಮಯ್ಯನವರ ವಚನ ಅಚ್ಚು ಹಾಕಿಸುವುದು ನಮ್ಮಲ್ಲಿ ರೂಢಿ. ಅದೇ ಮನೆಗೆ 20 ವರ್ಷಗಳ ನಂತರ ಹೋಗಿ ನೋಡಿ. ಗಂಡ ಪಡಸಾಲೆಯಲ್ಲಿ, ಹೆಂಡತಿ ಅಡುಗೆಮನೆಯಲ್ಲಿ. ಮಾತು ನಡೆಯುವುದು ಮಕ್ಕಳ ಮೂಲಕ: ‘ನಿಮ್ಮಪ್ಪಗ ಊಟಕ್ಕ ಬಾ ಅನ್ನು’, ‘ನಿಮ್ಮವ್ವಗ ಆಮ್ಯಾಲೆ ಅಂತ ಹೇಳು’. ಜಗಳವಿಲ್ಲ, ಕೂಗಾಟವಿಲ್ಲ. ಸೋತ ಸಂಬಂಧಕ್ಕೆ ಮಡಿಬಟ್ಟೆ ಹೊದಿಸಿ ನಾವು ಅದಕ್ಕೆ ಸಂಸ್ಕಾರವೆಂದು ಹೆಸರಿಟ್ಟಿದ್ದೇವೆ.

12ನೆಯ ಶತಮಾನದ ಶರಣರ ದಾಂಪತ್ಯ ಹೀಗಿರಲಿಲ್ಲ. ಆಯ್ದಕ್ಕಿ ಮಾರಯ್ಯನವರು ಒಂದು ದಿನ ಅಗತ್ಯಕ್ಕಿಂತ ಹೆಚ್ಚು ಅಕ್ಕಿ ತಂದಾಗ ಲಕ್ಕಮ್ಮನವರು ಸುಮ್ಮನೆ ಗಡಿಗೆಗೆ ಸುರಿದುಕೊಳ್ಳಲಿಲ್ಲ; ತಂದಲ್ಲಿಗೇ ಮರಳಿಸಿ ಬನ್ನಿ ಎಂದರು. ಆ ಮಾತಿನಿಂದ ಮನೆ ಒಡೆಯಲಿಲ್ಲ. ಲಕ್ಕಮ್ಮನವರ ವಚನಗಳ ಅಂಕಿತದಲ್ಲೇ ‘ಮಾರಯ್ಯಪ್ರಿಯ’ ಎಂಬ ಮಾತಿದೆ. ತಿದ್ದಿದ ಬಾಯೇ ಪ್ರೀತಿಯಿಂದ ಆ ಹೆಸರನ್ನೂ ಕರೆಯಿತು. ದುಗ್ಗಳೆ, ನೀಲಾಂಬಿಕೆ, ಗಂಗಾಂಬಿಕೆ, ಮೋಳಿಗೆ ಮಹಾದೇವಿ ಇವರೆಲ್ಲ ವಚನಕಾರರ ಮಡದಿಯರು, ತಾವೂ ವಚನಕಾರ್ತಿಯರು.

ಇಂದು ಅನುಭವ ಮಂಟಪದ ಸಮಾನತೆಯ ಬಗ್ಗೆ ಗೋಷ್ಠಿಯಲ್ಲಿ ತಾಸುಗಟ್ಟಲೆ ಮಾತಾಡುವ ನಮ್ಮ ಗಂಡಸರು ಮನೆಯ ಹೊಸ್ತಿಲು ದಾಟಿದೊಡನೆ ಮೂಕರಾಗುತ್ತಾರೆ. ಗಂಡ ಮಾಡಿದ ಸಾಲ ಹೆಂಡತಿಗೆ ತಿಳಿಯುವುದು ಊರವರಿಂದ. ಅವಳ ಮಂಡಿನೋವು ಅವನಿಗೆ ತಿಳಿಯುವುದು ವೈದ್ಯರ ಚೀಟಿಯಿಂದ. ಅವಳು ಹೇಳಹೋದರೆ ‘ಎದುರು ಮಾತಾಡುತ್ತಾಳೆ’ ಎಂಬ ದೂರು. ಹೇಳಿ ಹೇಳಿ ಸೋತು ಸುಮ್ಮನಾದರೆ ‘ಈಗ ಹೊಂದಿಕೊಂಡಳು’ ಎಂಬ ನೆಮ್ಮದಿ. ಅವಳು ಹೊಂದಿಕೊಂಡಿಲ್ಲ, ಕೈಬಿಟ್ಟಿದ್ದಾಳೆ!

ಹಿರಿಯರೂ ಈ ತಪ್ಪಿನಲ್ಲಿ ಪಾಲುದಾರರು. ನೊಂದವಳು ಮಠಕ್ಕೆ ಬಂದರೆ ‘ಹೊಂದಿಕೊಂಡು ಹೋಗವ್ವ’ ಎಂದು ಅವಳೊಬ್ಬಳಿಗೇ ಬುದ್ಧಿ ಹೇಳುತ್ತಾರೆ; ಗಂಡನನ್ನು ಕರೆಸಿ ಕೇಳುವುದಿಲ್ಲ. ಹೊಡೆತ ತಿಂದು ಬಂದವಳಿಗೂ ಇದೇ ಉಪದೇಶವಾದರೆ ಅದು ಧರ್ಮದ್ರೋಹ. ಇನ್ನು ಕೆಲವರು ಜಾತಕ ಹಿಡಿದು ಜ್ಯೋತಿಷಿಯ ಬಾಗಿಲಿಗೆ ಓಡುತ್ತಾರೆ. ತಾವೇ ನಿಲ್ಲಿಸಿದ ಮಾತಿಗೆ ಪಾಪ, ಶನಿಯೇನು ಮಾಡಿಯಾನು?

ಮಠಗಳಲ್ಲಿ ನಮ್ಮ ವಿನಂತಿ ಇಷ್ಟೇ: ಶಿವಾನುಭವ ಗೋಷ್ಠಿಯ ದಿನ ಗಂಡನನ್ನು ಮುಂದಿನ ಸಾಲಿಗೂ ಹೆಂಡತಿಯನ್ನು ದಾಸೋಹದ ಒಲೆಗೂ ಕಳಿಸಬೇಡಿ, ಇಬ್ಬರನ್ನೂ ಜೊತೆಗೆ ಕೂರಿಸಿ, ಇಬ್ಬರನ್ನೂ ಮಾತಾಡಿಸಿ. ಮನೆಯಲ್ಲಿ ಸಂಜೆಯ ಲಿಂಗಪೂಜೆಯ ನಂತರ ಟಿ.ವಿ., ಮೊಬೈಲು ಆರಿಸಿ ಕಾಲು ತಾಸು ಎದುರುಬದುರು ಕುಳಿತುಕೊಳ್ಳಿ. ಮೊದಲ ಪ್ರಶ್ನೆ ಗಂಡನದಾಗಲಿ. ಉತ್ತರಕ್ಕೆ ತಿಂಗಳು ಹಿಡಿದರೂ ಕಾಯಲಿ. 20 ವರ್ಷದ ಮೌನ ಒಂದು ಸಂಜೆಗೆ ಕರಗದು.

ಅಂಗೈಯ ಲಿಂಗವನ್ನು ಎವೆಯಿಕ್ಕದೆ ನೋಡುವವನು ಪಕ್ಕದಲ್ಲಿರುವ ಜೀವದ ಮುಖವನ್ನು ಒಮ್ಮೆಯೂ ನೋಡದಿದ್ದರೆ, ಆ ಪೂಜೆ ಯಾರಿಗೆ ಸಲ್ಲುತ್ತದೆ?